ಲಾರಿಯಲ್ಲಿ ಕೂತು ಸೋಲಿನ ಕಥೆ ಹೇಳಿದ ನಟ

ಪೋರ್ಚುಗೀಸ್ ಭಾಷೆ ನನಗೆ ಬಾರದು. ಹಾಗಿದ್ದೂ ಪೋರ್ಚುಗಲ್ಲಿನ ಒಬ್ಬ ನಟರ ದನಿ ಕಳೆದ ಮಳೆಗಾಲದಿಂದ ನನ್ನನ್ನು ಬಿಟ್ಟಿಲ್ಲ. ಒಂದು ರಾತ್ರಿ, ಮನೆಯವರೆಲ್ಲ ಮಲಗಿದ ಮೇಲೆ, ಮನೋಯೆಲ್ ದ ಒಲಿವೇರಾ 1990ರಲ್ಲಿ ಮಾಡಿದ ‘ನೊನ್’ ಎಂಬ ಚಿತ್ರವನ್ನು ಲ್ಯಾಪ್‌ಟಾಪಿನಲ್ಲಿ ಹಾಕಿಕೊಂಡು ಕೂತಿದ್ದೆ. ಆಳುವ ಹಂಬಲದಲ್ಲಿ ಸಿಗುವ ಕೀರ್ತಿ ಎಷ್ಟು ಪೊಳ್ಳು ಎಂಬ ಅರ್ಥ ಬರುವ ಉದ್ದನೆಯ ಬಾಲವೊಂದು ಆ ಹೆಸರಿಗಿದೆ. ಮೊದಲಿಗೆ ಆಫ್ರಿಕಾದ ಒಂದು ಹೆಮ್ಮರ ಕಾಣಿಸುತ್ತದೆ. ಕ್ಯಾಮೆರಾ ಅವಸರವೇ ಇಲ್ಲದೆ ಅದರ ಸುತ್ತ ಸರಿಯುತ್ತದೆ. ಆಮೇಲೆ ಸೈನಿಕರನ್ನು ತುಂಬಿಕೊಂಡ ಲಾರಿಗಳು ಕಾಡಿನ ದಾರಿಯಲ್ಲಿ ಬರುತ್ತವೆ. ಪೋರ್ಚುಗಲ್ ತನ್ನ ಆಫ್ರಿಕದ ವಸಾಹತುಗಳನ್ನು ಉಳಿಸಿಕೊಳ್ಳಲು ಹೋರಾಡುತ್ತಿದ್ದ ಕೊನೆಯ ದಿನಗಳು ಅವು. ಲಾರಿಯಲ್ಲಿ ಕೂತ ಹುಡುಗರು ತಾವು ಯಾಕಾಗಿ ಇಲ್ಲಿದ್ದೇವೆ ಎಂದು ಒಬ್ಬರನ್ನೊಬ್ಬರು ಕೇಳಿಕೊಳ್ಳುತ್ತಾರೆ. ಅವರ ನಡುವೆ ಕೂತ ಕಬ್ರಿತಾ ಎಂಬ ಕಿರಿಯ ಅಧಿಕಾರಿ, ತನ್ನ ದೇಶ ಶತಮಾನಗಳ ಉದ್ದಕ್ಕೂ ಸೋತ ಯುದ್ಧಗಳ ಕಥೆಯನ್ನು ಒಂದೊಂದಾಗಿ ಹೇಳತೊಡಗುತ್ತಾನೆ.

ಆ ಕಬ್ರಿತಾನ ಪಾತ್ರ ಮಾಡಿದವರು ಲೂಯಿಶ್ ಮಿಗೆಲ್ ಸಿಂತ್ರಾ. ಅವರು ಕೈ ಬೀಸುವುದಿಲ್ಲ, ಕಣ್ಣರಳಿಸುವುದಿಲ್ಲ. ಲಾರಿಯ ಕುಲುಕಾಟಕ್ಕೆ ಮೈ ಅಲುಗುತ್ತದೆ, ಅಷ್ಟೆ. ಮಾತು ಮಾತ್ರ ಒಂದು ಪದಕ್ಕೆ ಇನ್ನೊಂದು ಪದ ಅಂಟಿಕೊಳ್ಳದಂತೆ, ಯಾವುದನ್ನೂ ತಳ್ಳದೆ ಎಳೆಯದೆ, ಸಾಲಿನ ಕೊನೆಯವರೆಗೂ ಒಂದೇ ಎಚ್ಚರದಲ್ಲಿ ಹೋಗುತ್ತದೆ. ಕ್ರಿಸ್ತಪೂರ್ವ ಎರಡನೆಯ ಶತಮಾನದಲ್ಲಿ ರೋಮನ್ನರಿಗೆ ಸೆಡ್ಡು ಹೊಡೆದು ಕೊನೆಗೆ ಸ್ವಂತದವರ ಕೈಯಲ್ಲೇ ಸತ್ತ ವಿರಿಯಾತೊ ಎಂಬ ನಾಯಕನ ಕಥೆ ಬರುತ್ತದೆ. 1476ರ ತೋರೊ ಕಾಳಗದಲ್ಲಿ ಎರಡೂ ಕೈ ಕಳೆದುಕೊಂಡ ಮೇಲೂ ಬಾವುಟವನ್ನು ಹಲ್ಲಿನಲ್ಲಿ ಕಚ್ಚಿ ಹಿಡಿದನೆಂದು ಹೆಸರಾದ ಧ್ವಜಧಾರಿಯ ಕಥೆ ಬರುತ್ತದೆ. 1578ರಲ್ಲಿ ಮೊರಾಕ್ಕೊದ ಅಲ್ಕಾಸೆರ್ ಕಿಬಿರ್ ಎಂಬಲ್ಲಿ, 24 ವರ್ಷದ ದೊರೆ ಸೆಬಾಸ್ತಿಯಾಂವ್ ತನ್ನ ಸೈನ್ಯದೊಡನೆ ನಾಶವಾಗಿ, ಎರಡೇ ವರ್ಷದಲ್ಲಿ ರಾಜ್ಯವೇ ಸ್ಪೇನಿನ ದೊರೆಯ ಪಾಲಾದ ಕಥೆ ಬರುತ್ತದೆ. ಲಾರಿಯ ಹುಡುಗರೇ ಆ ಹಳೆಯ ಯುದ್ಧಗಳಲ್ಲಿ ವೇಷ ಬದಲಿಸಿಕೊಂಡು ಕಾಣಿಸಿಕೊಳ್ಳುತ್ತಾರೆ. ಸಿಂತ್ರಾ ಅವರೇ ವಿರಿಯಾತೊ ಕೂಡ ಆಗುತ್ತಾರೆ. ಆದರೆ ನನ್ನ ಮನಸ್ಸು ಮತ್ತೆ ಮತ್ತೆ ಹೋಗುವುದು ಆ ಯುದ್ಧಗಳಿಗಲ್ಲ, ಲಾರಿಗೆ. ಕುಣಿತವಿಲ್ಲದೆ, ವೇಷವಿಲ್ಲದೆ, ಕೂತಲ್ಲೇ ಮಾತಿನಿಂದ ಕುರುಕ್ಷೇತ್ರ ಕಟ್ಟುವ ತಾಳಮದ್ದಳೆಯ ಅರ್ಥಧಾರಿಗಳನ್ನು ಕೇಳಿ ಬೆಳೆದವನಿಗೆ ಹಾಗಾಗುವುದು ಸಹಜವೇ ಇರಬಹುದು.

ಚಿತ್ರ ಮುಗಿದ ಮೇಲೆ ಅವರ ಬಗ್ಗೆ ಸಿಕ್ಕಿದ್ದನ್ನೆಲ್ಲ ಓದುತ್ತ ಹೋದೆ. ಆಗ ಇನ್ನೊಂದು ಸಂಗತಿ ತಲೆಯಲ್ಲಿ ಕೂತಿತು. 1973ರಲ್ಲಿ ತಾವೇ ಕಟ್ಟಿದ ನಾಟಕ ತಂಡವನ್ನು, 43 ವರ್ಷ ನಡೆಸಿ, ಇಡೀ ದೇಶ ಅದನ್ನು ಗೌರವಿಸುತ್ತಿದ್ದಾಗಲೇ, 2016ರ ಡಿಸೆಂಬರಿನಲ್ಲಿ ಅವರು ಮುಚ್ಚಿಬಿಟ್ಟರು. ಯಾರಿಗಾದರೂ ವಹಿಸಿ ಹೋಗಬಹುದಿತ್ತಲ್ಲ ಎಂಬುದು ನನ್ನಲ್ಲಿ ಮೊದಲು ಎದ್ದ ಪ್ರಶ್ನೆ. ಲಾರಿಯಲ್ಲಿ ಕೇಳಿದ ಆ ದನಿಗೂ ಈ ಬಾಗಿಲು ಹಾಕಿದ್ದಕ್ಕೂ ಏನೋ ನಂಟಿದೆ ಎಂದು ಆಗಲೇ ಅನಿಸಿತ್ತು. ಆ ನಂಟು ಏನೆಂದು ಬರೆಯುತ್ತಲೇ ಹುಡುಕುವ ಪ್ರಯತ್ನ ಇದು.

ವ್ಯಾಕರಣಕಾರರ ಮಗ

ಸಿಂತ್ರಾ ಹುಟ್ಟಿದ್ದು 1949ರಲ್ಲಿ, ಮ್ಯಾಡ್ರಿಡ್‌ನಲ್ಲಿ. ಬೆಳೆದದ್ದು, ಓದಿದ್ದು ಲಿಸ್ಬನ್‌ನಲ್ಲಿ. ತಂದೆ ಲೂಯಿಶ್ ಫಿಲಿಪ್ ಲಿಂಡ್ಲಿ ಸಿಂತ್ರಾ ಪೋರ್ಚುಗೀಸ್ ಭಾಷಾಶಾಸ್ತ್ರದ ದೊಡ್ಡ ಹೆಸರು. ಬ್ರೆಜಿಲ್‌ನ ಸೆಲ್ಸೊ ಕುನ್ಯಾ ಅವರೊಡನೆ ಅವರು ಬರೆದ ಸಮಕಾಲೀನ ಪೋರ್ಚುಗೀಸ್ ವ್ಯಾಕರಣ ಇವತ್ತಿಗೂ ವಿದ್ಯಾರ್ಥಿಗಳ ಕೈಯಲ್ಲಿದೆ. ಪದಗಳ ಹುಟ್ಟು, ಪ್ರಾಂತ್ಯದಿಂದ ಪ್ರಾಂತ್ಯಕ್ಕೆ ಬದಲಾಗುವ ಉಚ್ಚಾರ, ಒಬ್ಬರನ್ನೊಬ್ಬರು ಕರೆಯುವ ಸಂಬೋಧನೆಯ ರೂಪಗಳು, ಇವನ್ನೇ ಜೀವಮಾನವಿಡೀ ಬಗೆದು ನೋಡಿದವರ ಮನೆಯಲ್ಲಿ ಬೆಳೆದ ಹುಡುಗನಿಗೆ ಭಾಷೆ ನಮಗೆಲ್ಲ ಆಗುವಂತೆ ಕಾಣದ ಗಾಳಿಯಾಗಿ ಉಳಿದಿರಲಾರದು. ಅದು ಕೈಯಲ್ಲಿ ಹಿಡಿದು ನೋಡುವ ವಸ್ತುವಾಗಿತ್ತು ಎಂದುಕೊಳ್ಳುತ್ತೇನೆ. ಇದು ನನ್ನ ಊಹೆ ಮಾತ್ರ. ಆದರೆ ಅವರ ಯಾವ ಚಿತ್ರ ನೋಡಿದರೂ ಈ ಊಹೆ ಗಟ್ಟಿಯಾಗುತ್ತದೆಯೇ ಹೊರತು ಸಡಿಲವಾಗುವುದಿಲ್ಲ.

ಭಾಷೆಯ ಮಾತು ಬಂದಿತೆಂದು ಒಂದು ಸಂಗತಿ ಹೇಳಿ ಮುಂದೆ ಹೋಗುತ್ತೇನೆ. ಅವರ ಚಿತ್ರಗಳನ್ನು ಒಂದರ ಹಿಂದೆ ಒಂದು ನೋಡುವಾಗ ನನ್ನ ಕಿವಿ ತನಗೆ ಗೊತ್ತಿರುವ ಸದ್ದುಗಳನ್ನು ಅರಸತೊಡಗಿತು. ನಾವು ದಿನಾ ಒರೆಸುವ ಮೇಜು, ಜೇಬಿನಲ್ಲಿಟ್ಟುಕೊಳ್ಳುವ ಚಾವಿ, ಬಚ್ಚಲಲ್ಲಿಡುವ ಬಾಲ್ದಿ, ಕರಾವಳಿಯ ಹಳೆಯ ಮನೆಗಳ ಜನೇಲು, ಇಗರ್ಜಿಯ ಪಾದ್ರಿ, ಇವೆಲ್ಲ ಅವರ ಭಾಷೆಯಿಂದ ಹಡಗಿನಲ್ಲಿ ಬಂದು ನಮ್ಮಲ್ಲೇ ಉಳಿದುಕೊಂಡ ಪದಗಳು. ಅರ್ಥವೇ ಆಗದ ಉದ್ದನೆಯ ವಾಕ್ಯದ ನಡುವೆ ಅಂಥದೊಂದು ಪದದ ನೆರಳು ಸುಳಿದರೆ, ಪರ ಊರಿನ ಜಾತ್ರೆಯಲ್ಲಿ ನೆರೆಮನೆಯವರನ್ನು ಕಂಡ ಹಾಗಾಗುತ್ತದೆ.

ಲಿಸ್ಬನ್ ವಿಶ್ವವಿದ್ಯಾಲಯದ ಸಾಹಿತ್ಯ ವಿಭಾಗದಲ್ಲಿ ಓದುತ್ತಿದ್ದಾಗಲೇ, 1968ರ ಹೊತ್ತಿಗೆ, ಅವರು ಅಲ್ಲಿನ ವಿದ್ಯಾರ್ಥಿ ನಾಟಕ ತಂಡ ಸೇರಿದರು. ಸಲಝಾರ್ ಕಟ್ಟಿದ ಸರ್ವಾಧಿಕಾರದ ಕೊನೆಯ ವರ್ಷಗಳು ಅವು. ನಾಟಕವೆಂದರೆ ಮೊದಲು ಪಠ್ಯ ಸೆನ್ಸಾರ್‌ನವರ ಕೈಗೆ ಹೋಗಬೇಕು. ಅವರ ನೀಲಿ ಪೆನ್ಸಿಲ್ ಆಡಿದ ಮೇಲೆ ಉಳಿದದ್ದಷ್ಟೇ ತಾಲೀಮಿಗೆ ಬರಬೇಕು. ಪ್ರದರ್ಶನಕ್ಕೆ ಮುಂಚೆ ಅದೇ ಅಧಿಕಾರಿಗಳಿಗಾಗಿ ಖಾಲಿ ಸಭಾಂಗಣದಲ್ಲಿ ಪೂರ್ತಿ ಆಡಿ ತೋರಿಸಬೇಕು. ಬರೆದಾಗ ಸಾಧುವಾಗಿ ಕಂಡ ಸಾಲು ನಟನ ಬಾಯಲ್ಲಿ ಬೇರೆಯೇ ಆಗಿಬಿಡಬಹುದು ಎಂಬುದು ಸೆನ್ಸಾರ್‌ನವರಿಗೂ ಚೆನ್ನಾಗಿ ಗೊತ್ತಿತ್ತು. ಹೇಳುವ ರೀತಿಗೆ ಅಷ್ಟು ಬಲವಿದೆ ಎಂಬ ಪಾಠ ಆ ತಲೆಮಾರಿನ ನಟರಿಗೆ ಆಳುವವರಿಂದಲೇ ಆಯಿತು. ಆಮೇಲೆ ಗುಲ್ಬೆಂಕಿಯನ್ ಪ್ರತಿಷ್ಠಾನದ ಸಹಾಯದಿಂದ ಸಿಂತ್ರಾ ಇಂಗ್ಲೆಂಡಿನ ಬ್ರಿಸ್ಟಲ್ ಓಲ್ಡ್ ವಿಕ್ ರಂಗಶಾಲೆಗೆ ಹೋಗಿ, 1972ರವರೆಗೆ ಅಲ್ಲಿ ಕಲಿತು ಬಂದರು.

ನುಂಗಿದ ಕ್ರಿಯಾಪದ

ಇಲ್ಲಿ ನನ್ನದೊಂದು ನೆನಪನ್ನು ಹೇಳದೆ ಮುಂದೆ ಹೋಗಲಾರೆ. ಕಾಲೇಜು ಮುಗಿಸಿದ ಹೊಸತರಲ್ಲಿ ನಮ್ಮೂರಿನ ಹವ್ಯಾಸಿ ತಂಡದಲ್ಲಿ ಎರಡು ವರ್ಷ ನಾಟಕ ಮಾಡಿದ್ದೆ. ಪ್ರಾಥಮಿಕ ಶಾಲೆಯ ಹಾಲ್‌ನಲ್ಲಿ ಸಂಜೆ ತಾಲೀಮು. ಬೆಂಚುಗಳನ್ನೆಲ್ಲ ಗೋಡೆಗೆ ಒತ್ತಿಟ್ಟು ಸುಣ್ಣದ ಕಡ್ಡಿಯಲ್ಲಿ ನೆಲದ ಮೇಲೆ ರಂಗದ ಗೆರೆ ಎಳೆಯುತ್ತಿದ್ದೆವು. ನನಗೊಂದು ಉದ್ದನೆಯ ಸ್ವಗತವಿತ್ತು. ಅದನ್ನು ಹೇಳುವಾಗ ಪ್ರತಿ ದಿನವೂ ನನಗೆ ನಿಜವಾಗಿಯೇ ಅಳು ಬರುತ್ತಿತ್ತು; ಬರುತ್ತದೆಂದು ಒಳಗೊಳಗೇ ಹೆಮ್ಮೆಯೂ ಇತ್ತು. ನಮ್ಮ ನಿರ್ದೇಶಕರು ನಿವೃತ್ತ ಮೇಷ್ಟ್ರು. ಹಾಲ್‌ನ ತೀರಾ ಹಿಂದೆ, ಬಾಗಿಲ ಪಕ್ಕದಲ್ಲಿ, ಕಣ್ಣು ಮುಚ್ಚಿಕೊಂಡು ಕೂರುತ್ತಿದ್ದರು. ಒಂದು ದಿನ ನನ್ನ ಸ್ವಗತದ ಉದ್ದಕ್ಕೂ ಅವರ ಬಲಗೈ ಏಳುತ್ತಿತ್ತು, ಇಳಿಯುತ್ತಿತ್ತು. ಮುಗಿದ ಮೇಲೆ ಹೇಳಿದರು: ‘ಹದಿನೇಳು ಸಲ ಕೈ ಎತ್ತಿದೆ ಮಾರಾಯ. ಹದಿನೇಳು ಸಲ ಸಾಲಿನ ಕೊನೆ ನುಂಗಿದೆ ನೀನು. ಕನ್ನಡದಲ್ಲಿ ಕ್ರಿಯಾಪದ ಇರುವುದೇ ಕೊನೆಯಲ್ಲಿ. ಅವನು ಬಂದನೋ ಬರಲಿಲ್ಲವೋ ಅಂತ ಈ ಬಾಗಿಲ ಹತ್ತಿರ ಕೂತವನಿಗೆ ಗೊತ್ತಾಗದಿದ್ದರೆ ನೀನು ಅತ್ತು ಏನು ಪ್ರಯೋಜನ?’

ಆ ಸಂಜೆ ನನಗೆ ಬೇಸರವಾಗಿತ್ತು. ನನ್ನ ಭಾವ ಅವರನ್ನು ಮುಟ್ಟಲಿಲ್ಲವೆಂದು ದೂರುತ್ತಲೇ ಮನೆಗೆ ನಡೆದಿದ್ದೆ. ಮೇಷ್ಟ್ರು ಈಗಿಲ್ಲ. ಲಾರಿಯಲ್ಲಿ ಕೂತ ಕಬ್ರಿತಾನ ಮಾತು ಕೇಳುವಾಗ ಇಷ್ಟು ವರ್ಷಗಳ ನಂತರ ಅವರ ಆ ಎತ್ತಿದ ಕೈ ನೆನಪಾಯಿತು. ಸಿಂತ್ರಾ ಅವರ ಮಾತಿಗೆ ಒಂದು ಸಲವೂ ಆ ಕೈ ಏಳುತ್ತಿರಲಿಲ್ಲ ಎಂದು ನನಗೆ ಭಾಷೆ ಗೊತ್ತಿಲ್ಲದೆಯೂ ಖಾತ್ರಿಯಿದೆ. ಮಾತು ಬರೆದವರದು, ಅದನ್ನು ದಾಟಿಸುವುದಷ್ಟೇ ತನ್ನ ಪಾಲಿನ ಕೆಲಸ ಎಂಬ ಶ್ರದ್ಧೆ ಅದರಲ್ಲಿ ಕೇಳಿಸುತ್ತದೆ. ಆ ಶ್ರದ್ಧೆಯಿಂದ ಭಾವವೇನೂ ಬತ್ತಿಹೋಗುವುದಿಲ್ಲ. ನಟ ತನ್ನ ಅಳುವನ್ನು ತಾನೇ ಖರ್ಚು ಮಾಡಿಬಿಡದೆ, ಅದನ್ನು ಕೇಳುಗನ ಪಾಲಿಗೆ ಉಳಿಸಿಕೊಡುತ್ತಾನೆ.

ಅಕ್ಷಯದ ಕೊಂಬು

1973ರ ಅಕ್ಟೋಬರಿನಲ್ಲಿ, ಗೆಳೆಯ ಜೊರ್ಜ್ ಸಿಲ್ವ ಮೆಲೊ ಅವರೊಡನೆ ಸೇರಿ ಸಿಂತ್ರಾ ‘ತೆಯಾತ್ರೊ ದ ಕೊರ್ನುಕೋಪಿಯಾ’ ಎಂಬ ತಂಡವನ್ನು ಶುರುಮಾಡಿದರು. ಕೊರ್ನುಕೋಪಿಯಾ ಎಂದರೆ ಗ್ರೀಕ್ ಪುರಾಣದಲ್ಲಿ ಬರುವ, ಹಣ್ಣುಹಂಪಲು ಧಾನ್ಯಗಳು ಎಂದೂ ಮುಗಿಯದೆ ಸುರಿಯುವ ಕೊಂಬು, ನಮ್ಮ ಅಕ್ಷಯಪಾತ್ರೆಯಂಥದು. ಮೊದಲ ನಾಟಕ ಮೋಲಿಯೇರ್‌ನ ‘ಮಿಸಾಂತ್ರೋಪ್’. ಸುತ್ತಲಿನವರ ಮುಖಸ್ತುತಿಯನ್ನೂ ಸುಳ್ಳು ಸೌಜನ್ಯವನ್ನೂ ಸಹಿಸಲಾರದೆ, ಕಂಡದ್ದನ್ನು ಕಂಡಂತೆ ಹೇಳಿ ಒಂಟಿಯಾಗುವ ಮನುಷ್ಯನ ಕಥೆ ಅದು. ಸೆನ್ಸಾರ್ ಇನ್ನೂ ಜೀವಂತವಾಗಿದ್ದ ಊರಿನಲ್ಲಿ, ಇಪ್ಪತ್ತನಾಲ್ಕು ಇಪ್ಪತ್ತೈದರ ಹುಡುಗರು ಮುನ್ನೂರು ವರ್ಷ ಹಳೆಯ ಫ್ರೆಂಚ್ ನಾಟಕವನ್ನು ಯಾಕೆ ಎತ್ತಿಕೊಂಡರೆಂದು ಬಿಡಿಸಿ ಹೇಳಬೇಕಿಲ್ಲ. ಆರೇ ತಿಂಗಳಲ್ಲಿ, 1974ರ ಏಪ್ರಿಲ್ 25ರಂದು, ಸೈನ್ಯದ ಕಿರಿಯ ಅಧಿಕಾರಿಗಳು ಸರ್ವಾಧಿಕಾರವನ್ನು ಉರುಳಿಸಿದರು. ಜನ ಬಂದೂಕಿನ ಬಾಯಿಗೆ ಕಾರ್ನೇಷನ್ ಹೂ ಸಿಕ್ಕಿಸಿದರು. ಸೆನ್ಸಾರ್ ಹೋಯಿತು. ಅದೇ ವರ್ಷ ತಂಡ ಜರ್ಮನಿಯ ಎಡಪಂಥೀಯ ನಾಟಕಕಾರ ಬ್ರೆಕ್ಟ್‌ನನ್ನು ರಂಗಕ್ಕೆ ತಂದಿತು.

1975ರಲ್ಲಿ ಅವರಿಗೊಂದು ಮನೆ ಸಿಕ್ಕಿತು. ಲಿಸ್ಬನ್‌ನ ತೆನೆಂತ್ ರೌಲ್ ಕಷ್ಕಾಯಿಶ್ ಎಂಬ ಪುಟ್ಟ ಬೀದಿಯಲ್ಲಿರುವ ‘ತೆಯಾತ್ರೊ ದು ಬೈರು ಆಲ್ತು’. ಮುಂದಿನ ನಾಲ್ಕು ದಶಕ ಅದೇ ಮನೆ. ರಂಗವಿನ್ಯಾಸಕಿ ಕ್ರಿಸ್ತೀನಾ ರೇಯಿಸ್ ತಂಡ ಸೇರಿದ್ದೂ ಆ ಹೊತ್ತಿನಲ್ಲೇ. ಸಿಲ್ವ ಮೆಲೊ ಆ ದಶಕದ ಕೊನೆಗೆ ಬೇರೆ ದಾರಿ ಹಿಡಿದು ಹೋದರು; ಮುಂದೆ ಅವರೂ ತಮ್ಮದೇ ದೊಡ್ಡ ತಂಡ ಕಟ್ಟಿದರು. ಸಿಂತ್ರಾ ಮತ್ತು ರೇಯಿಸ್ ಉಳಿದರು. ನಾಟಕದಿಂದ ನಾಟಕಕ್ಕೆ ಆ ಸಭಾಂಗಣದ ಒಳಗಿನ ಅಳತೆಯನ್ನೇ ಅವರು ಬದಲಿಸುತ್ತಿದ್ದರು. ಪ್ರೇಕ್ಷಕರು ಎಲ್ಲಿ ಕೂರಬೇಕು, ರಂಗ ಅವರಿಂದ ಎಷ್ಟು ದೂರದಲ್ಲಿರಬೇಕು ಎಂಬುದನ್ನು ನಾಟಕದ ಮಾತೇ ತೀರ್ಮಾನಿಸಬೇಕಿತ್ತು. ಷೇಕ್ಸ್‌ಪಿಯರ್, ಬ್ಯೂಖ್ನರ್, ಸ್ಟ್ರಿಂಡ್‌ಬರ್ಗ್, ಹೈನರ್ ಮ್ಯುಲ್ಲರ್ ಸೇರಿದಂತೆ ನೂರಕ್ಕೂ ಹೆಚ್ಚು ನಾಟಕಗಳು ಆ ಮನೆಯಲ್ಲಿ ಆದವು. ಹೆಚ್ಚಿನವಕ್ಕೆ ಸಿಂತ್ರಾ ಅವರದೇ ನಿರ್ದೇಶನ, ಎಷ್ಟೋ ಕಡೆ ಪಾತ್ರವೂ ಅವರದೇ. ಪೋರ್ಚುಗೀಸರಿಗೆ ಗೊತ್ತೇ ಇಲ್ಲದಿದ್ದ ಬಹಳಷ್ಟು ನಾಟಕಕಾರರು ಆ ಬಾಗಿಲಿನ ಮೂಲಕವೇ ಅವರ ಭಾಷೆಗೆ ಬಂದರು.

ಇಷ್ಟೆಲ್ಲದರ ನಡುವೆ ಅವರು ಮತ್ತೆ ಮತ್ತೆ ಹಿಂದಿರುಗಿದ್ದು ಗಿಲ್ ವಿಸೆಂತೆಯ ಕಡೆಗೆ. ಪೋರ್ಚುಗೀಸ್ ನಾಟಕದ ಮೊದಲ ಪುರುಷ ಈತ. 1502ರಲ್ಲಿ ರಾಣಿಗೆ ಗಂಡುಮಗು ಹುಟ್ಟಿದಾಗ, ದನಗಾಹಿಯ ವೇಷದಲ್ಲಿ ಬಾಣಂತಿಯ ಕೋಣೆಗೇ ನುಗ್ಗಿ ಸ್ವಗತ ಹೇಳಿದವನು. ಅಲ್ಲಿಂದಲೇ ಆ ದೇಶದ ರಂಗಭೂಮಿ ಶುರುವಾಯಿತೆಂದು ಅಲ್ಲಿಯವರು ಎಣಿಸುತ್ತಾರೆ. ನಮ್ಮ ಕರಾವಳಿಯವರು ತಪ್ಪದೆ ತಿಳಿದಿರಬೇಕಾದ ನಾಟಕವೊಂದು ವಿಸೆಂತೆಯದಿದೆ: 1509ರ ‘ಇಂಡಿಯಾದ ಆಟ’. ಗಂಡ ಹಡಗು ಹತ್ತಿ ಇಂಡಿಯಾಕ್ಕೆ ಹೋಗುತ್ತಾನೆ, ಇತ್ತ ಹೆಂಡತಿ ಲಿಸ್ಬನ್‌ನಲ್ಲಿ ಇಬ್ಬರು ಪ್ರೇಮಿಗಳನ್ನು ಸಂಭಾಳಿಸುತ್ತಾಳೆ. ಮೂರು ವರ್ಷದ ಮೇಲೆ ಗಂಡ ಬರುತ್ತಾನೆ, ದೊಡ್ಡ ಸಂಪತ್ತೇನೂ ಇಲ್ಲದೆ. ತಾವು ಅಲ್ಲಿ ಮಾಡಿದ್ದೇನೆಂದು ಹೇಳುವಾಗ ಅವನು ಮುಚ್ಚುಮರೆ ಮಾಡುವುದಿಲ್ಲ: ಹೊಡೆದಾಡಿದೆವು, ದೋಚಿದೆವು ಎನ್ನುತ್ತಾನೆ. ವಾಸ್ಕೊ ಡ ಗಾಮ ಬಂದು ಹನ್ನೊಂದೇ ವರ್ಷವಾಗಿತ್ತು. ಅಷ್ಟರೊಳಗೆ ರಾಜಮನೆತನದವರ ಎದುರೇ ಆ ಮಾತನ್ನು ಆಡಿಸಿದ ನಾಟಕಕಾರ ಅವರಿಗಿದ್ದ.

ಇದನ್ನು ಹೇಳಿದ ಮೇಲೆ ‘ನೊನ್’ ಚಿತ್ರದ ಬಗ್ಗೆ ನನ್ನದೊಂದು ತಕರಾರನ್ನೂ ಹೇಳಲೇಬೇಕು. ಸೋಲುಗಳ ಕಥೆಯ ನಡುವೆ ಚಿತ್ರ ಒಂದೆಡೆ ಪೋರ್ಚುಗೀಸ್ ಕವಿ ಕಮೋಯಿಶ್‌ನ ಮಹಾಕಾವ್ಯದ ‘ಪ್ರೇಮದ್ವೀಪ’ಕ್ಕೆ ಹೋಗುತ್ತದೆ. ಇಂಡಿಯಾದಿಂದ ಹಿಂದಿರುಗುವ ಗಾಮನ ನಾವಿಕರಿಗಾಗಿ ವೀನಸ್ ದೇವತೆ ಅಪ್ಸರೆಯರನ್ನು ಕಾಯಿಸಿ ನಿಲ್ಲಿಸಿದ ದ್ವೀಪ ಅದು. ಯುದ್ಧದಲ್ಲಿ ಗೆದ್ದದ್ದು ಉಳಿಯುವುದಿಲ್ಲ, ಹೊಸ ಕಡಲ ದಾರಿ ಲೋಕಕ್ಕೆ ಕೊಟ್ಟ ಕೊಡುಗೆಯಾಗಿ ಉಳಿಯುತ್ತದೆ ಎಂಬ ಧಾಟಿ ಅಲ್ಲಿದೆ. ಬಸರೂರಿನಿಂದ ಕಪ್ಪವಾಗಿ ಅಕ್ಕಿ ಎತ್ತಿದವರ, ಉಳ್ಳಾಲದ ಅಬ್ಬಕ್ಕನ ಮೇಲೆ ದಂಡೆತ್ತಿ ಬಂದವರ ಹಡಗುಗಳನ್ನು ದಡದಲ್ಲಿ ನಿಂತು ಕಂಡವರ ಕಡೆಯಿಂದ ನೋಡಿದರೆ ಆ ದ್ವೀಪ ಹಾಗೆ ಕಾಣುವುದಿಲ್ಲ. ಸಿಂತ್ರಾ ಅವರ ದನಿ ಎಷ್ಟೇ ಪ್ರಾಮಾಣಿಕವಾಗಿದ್ದರೂ ಆ ಪಠ್ಯದಲ್ಲಿ ನಮ್ಮ ದಡದ ಮಾತು ಇಲ್ಲ. ನಾನು ಮೆಚ್ಚಿದ ಚಿತ್ರವಾದ್ದರಿಂದಲೇ ಆ ಕೊರತೆ ನನ್ನನ್ನು ಹೆಚ್ಚು ನೋಯಿಸಿತು.

ಕ್ಯಾಮೆರಾದ ಮುಂದೆ ಅದೇ ನಟ

ಸಿನಿಮಾಕ್ಕೆ ಸಿಂತ್ರಾ ಬಂದದ್ದು ತಂಡ ಕಟ್ಟುವುದಕ್ಕೂ ಮೊದಲೇ, ಜುವಾಂವ್ ಸೇಸರ್ ಮೊಂತೇರೊ ಅವರ ಮೊದಮೊದಲ ಚಿತ್ರವೊಂದರಲ್ಲಿ. 1982ರಲ್ಲಿ ಬಂದ ಪಾವ್ಲೊ ರೋಶಾ ಅವರ ‘ಪ್ರೇಮದ್ವೀಪ’ದಲ್ಲಿ ಅವರು ವೆನ್ಸೆಶ್ಲಾವ್ ದ ಮೊರಾಯಿಶ್ ಆದರು, ನೌಕಾಪಡೆಯ ಅಧಿಕಾರಿಯಾಗಿದ್ದು, ಜಪಾನಿಗೆ ಹೋಗಿ, ಅಲ್ಲಿಯವರೇ ಆಗಿ, 1929ರಲ್ಲಿ ತೊಕುಶಿಮಾ ಎಂಬ ಊರಿನಲ್ಲಿ ಒಂಟಿಯಾಗಿ ಸತ್ತ ಬರಹಗಾರ. ಚಿತ್ರದ ಹೆಸರು ಕಮೋಯಿಶ್‌ನ ಅದೇ ದ್ವೀಪದ್ದು. ಪೆದ್ರೊ ಕೋಸ್ತಾ ಅವರ ಮೊದಲ ಕಥಾಚಿತ್ರದಲ್ಲೂ ಅವರಿದ್ದಾರೆ. ಅವರನ್ನು ಲೋಕಕ್ಕೆ ತೋರಿಸಿದ್ದು ಮಾತ್ರ ಒಲಿವೇರಾ. 1908ರಲ್ಲಿ ಹುಟ್ಟಿ, ಮೂಕಿ ಚಿತ್ರಗಳ ಕಾಲದಿಂದ ಹಿಡಿದು 2015ರಲ್ಲಿ 106ನೆಯ ವಯಸ್ಸಿನಲ್ಲಿ ತೀರಿಕೊಳ್ಳುವ ಹೊತ್ತಿನವರೆಗೂ ಕೆಲಸ ಮಾಡಿದ ಆ ನಿರ್ದೇಶಕರು, ಸಿಂತ್ರಾ ಅವರನ್ನು ಹತ್ತಕ್ಕೂ ಹೆಚ್ಚು ಚಿತ್ರಗಳಲ್ಲಿ ಕರೆದುಕೊಂಡರು.

ಒಲಿವೇರಾ ಅವರ ಚಿತ್ರಗಳು ಎಲ್ಲರಿಗೂ ಒಗ್ಗುವುದಿಲ್ಲ. ಕ್ಯಾಮೆರಾ ಕದಲದೆ ನಿಲ್ಲುತ್ತದೆ. ನಟರು ಎಷ್ಟೋ ಸಲ ಒಬ್ಬರನ್ನೊಬ್ಬರು ನೋಡದೆ ನಮ್ಮ ಕಡೆಗೇ ಮುಖ ಮಾಡಿ ಪುಟಗಟ್ಟಲೆ ಮಾತು ಹೇಳುತ್ತಾರೆ. 1985ರ ‘ರೇಷ್ಮೆಯ ಪಾದರಕ್ಷೆ’, ಪೌಲ್ ಕ್ಲೋದೆಲ್‌ನ ನಾಟಕವನ್ನು ಹೆಚ್ಚುಕಡಿಮೆ ಇಡಿಯಾಗಿ ತೆರೆಗೆ ತಂದದ್ದು, ಏಳು ಗಂಟೆಗೆ ಸ್ವಲ್ಪವೇ ಕಡಿಮೆ ಇದೆ. ಬಣ್ಣ ಬಳಿದ ಪರದೆಗಳು, ರಂಗದ ಮೇಲೆ ಮಾಡುವಂಥ ಕೃತಕ ಅಲೆಗಳು. ಅದರ ನಾಯಕ ದೊನ್ ರೊದ್ರೀಗ್ ಸಿಂತ್ರಾ, ಮಾತೆಲ್ಲ ಫ್ರೆಂಚ್‌ನಲ್ಲಿ. ನಾನು ಅದನ್ನು ಮೂರು ಭಾನುವಾರಗಳಲ್ಲಿ ಹಂಚಿಕೊಂಡು ನೋಡಿದೆ. ರಾತ್ರಿಯಿಡೀ ಆಟ ನೋಡಿದ ಅಭ್ಯಾಸವಿದ್ದವರಿಗೆ ಆ ಉದ್ದ ಭಾರವಾಗುವುದಿಲ್ಲ. ಮೊದಲ ಅರ್ಧ ಗಂಟೆ ಕಳೆದರೆ ಮೈ ತಾನಾಗಿಯೇ ಆ ಲಯಕ್ಕೆ ಕೂರುತ್ತದೆ.

ಹೊಸದಾಗಿ ನೋಡುವವರಿಗೆ ನಾನು ಹೇಳುವುದು ಬೇರೆ ಚಿತ್ರ: 1994ರ ‘ಪೆಟ್ಟಿಗೆ’. ಲಿಸ್ಬನ್‌ನ ಹಳೆಯ ಬಡ ಕೇರಿಯೊಂದರಲ್ಲಿ ಮೆಟ್ಟಿಲು ಮೆಟ್ಟಿಲಾಗಿ ಇಳಿಯುವ ಓಣಿ. ಅಲ್ಲಿ ಮನೆಯ ಬಾಗಿಲ ಹೊರಗೆ ಒಬ್ಬ ಕುರುಡ ಕೂತಿರುತ್ತಾನೆ. ಅವನ ಹತ್ತಿರ ಭಿಕ್ಷೆ ಬೇಡಲು ಸರಕಾರದಿಂದಲೇ ಅನುಮತಿ ಪಡೆದ ಪೆಟ್ಟಿಗೆಯಿದೆ. ಅದೇ ಮನೆಯ ಆದಾಯ, ಅದರ ಮೇಲೇ ಕೇರಿಯವರ ಕಣ್ಣು. ಈ ಕುರುಡನಾಗಿ ಸಿಂತ್ರಾ ಮಾಡಿದ್ದನ್ನು ಹತ್ತಿರದಿಂದ ನೋಡಬೇಕು. ಕಣ್ಣಿಲ್ಲ, ಮುಖವನ್ನು ಅವರು ಮಾತು ಬಂದ ಕಡೆಗೆ ಪೂರ್ತಿ ತಿರುಗಿಸುವುದಿಲ್ಲ, ಕಿವಿಯನ್ನು ಮಾತ್ರ ಸ್ವಲ್ಪ ಕೊಡುತ್ತಾರೆ. ಕೈ ಪೆಟ್ಟಿಗೆಯನ್ನು ಕಾಯುತ್ತಿರುತ್ತದೆ. ಬಿಷಪ್ಪರ, ಸರದಾರರ ಪಾತ್ರಗಳಿಗೆ ಹೊಂದುವ ಆ ತುಂಬಿದ ದನಿ ಇಲ್ಲಿ ಗೊಣಗಾಟಕ್ಕೆ, ದೂರಿಗೆ, ಹೆದರಿಕೆಗೆ ಇಳಿದಿದೆ. ಆದರೂ ಪದಗಳು ಚೂರೂ ಮಸುಕಾಗಿಲ್ಲ. ಬಡವನೆಂದರೆ ಮಾತು ತೊದಲಬೇಕು, ಒರಟಾಗಬೇಕು ಎಂಬ ಸುಲಭದ ದಾರಿಯನ್ನು ಅವರು ಹಿಡಿಯಲಿಲ್ಲ. ದೊನ್ ರೊದ್ರೀಗನ ಮಾತಿಗೆ ಕೊಟ್ಟಷ್ಟೇ ಮರ್ಯಾದೆಯನ್ನು ಭಿಕ್ಷುಕನ ಮಾತಿಗೂ ಕೊಟ್ಟರು.

2000ದಲ್ಲಿ ಒಲಿವೇರಾ ‘ಮಾತು ಮತ್ತು ಆದರ್ಶಲೋಕ’ ಎಂಬರ್ಥದ ಹೆಸರಿನಲ್ಲಿ ಪಾದ್ರಿ ಅಂತೋನಿಯೊ ವಿಯೇರಾ ಬಗ್ಗೆ ಚಿತ್ರ ಮಾಡಿದರು. ವಿಯೇರಾ ಹದಿನೇಳನೆಯ ಶತಮಾನದ ಯೇಸುಸಭೆಯ ಪಾದ್ರಿ. ಬ್ರೆಜಿಲ್‌ನ ಮೂಲನಿವಾಸಿಗಳನ್ನು ಗುಲಾಮರಾಗಿಸುವುದರ ವಿರುದ್ಧ ಮಾತಾಡಿ, ಮುಂದೆ ಚರ್ಚಿನ ಧರ್ಮನ್ಯಾಯಾಲಯವಾದ ಇನ್‌ಕ್ವಿಸಿಷನ್‌ನ ವಿಚಾರಣೆಗೂ ಗುರಿಯಾದವರು. ಮೂರು ವಯಸ್ಸಿಗೆ ಮೂವರು ನಟರು. ನಡುವಯಸ್ಸಿನ ವಿಯೇರಾ ಸಿಂತ್ರಾ. ಹತ್ತು ವರ್ಷದ ಹಿಂದಿನ ‘ನೊನ್’ ಚಿತ್ರದ ಹೆಸರು ಬಂದದ್ದೂ ವಿಯೇರಾ ಅವರ ಪ್ರವಚನವೊಂದರಿಂದಲೇ. ‘ನೊನ್’ ಎಂದರೆ ಲ್ಯಾಟಿನ್‌ನಲ್ಲಿ ‘ಇಲ್ಲ’. ಭಯಂಕರ ಪದ ಅದು ಎನ್ನುತ್ತಾರೆ ವಿಯೇರಾ. ಅದಕ್ಕೆ ಮುಂದು ಹಿಂದು ಇಲ್ಲ, ಯಾವ ತುದಿಯಿಂದ ಹಿಡಿದರೂ ಅದೇ ಸದ್ದು, ಅದೇ ಅರ್ಥ. ರೋಮನ್ ಅಕ್ಷರಗಳಲ್ಲಿ ಬರೆದು ನೋಡಿದರೆ ಅವರ ಮಾತು ಕಣ್ಣಿಗೇ ಕಾಣುತ್ತದೆ. ಆ ಪದದ ನೆರಳಿನಲ್ಲಿ ಕಬ್ರಿತಾನಾಗಿ ಕಥೆ ಹೇಳಿದ ನಟ, ಹತ್ತು ವರ್ಷದ ಮೇಲೆ ಆ ಮಾತನ್ನು ಬರೆದವರೇ ಆಗಿ ನಿಂತರು. ಇದು ಕಾಕತಾಳೀಯವೆಂದು ನಾನು ನಂಬುವುದಿಲ್ಲ. ಆ ಪ್ರವಚನಗಳ ಉದ್ದುದ್ದ ವಾಕ್ಯಗಳ ಭಾರ ಹೊರಬಲ್ಲ ದನಿ ಯಾವುದೆಂದು ಒಲಿವೇರಾ ಅವರಿಗೆ ಚೆನ್ನಾಗಿ ಗೊತ್ತಿತ್ತು.

ಡಿಸೆಂಬರ್ 17

2005ರಲ್ಲಿ ಸಿಂತ್ರಾ ಅವರಿಗೆ ಪೆಸ್ಸೋವಾ ಪ್ರಶಸ್ತಿ ಬಂತು. ಪೋರ್ಚುಗಲ್ಲಿನಲ್ಲಿ ಕಲೆ ಮತ್ತು ವಿಜ್ಞಾನದಲ್ಲಿ ದುಡಿದವರಿಗೆ ಸಿಗುವ ದೊಡ್ಡ ಗೌರವಗಳಲ್ಲಿ ಒಂದು. ಆರು ವರ್ಷದ ಮೇಲೆ ದೇಶದ ಬೊಕ್ಕಸ ಬರಿದಾಯಿತು. 2011ರಲ್ಲಿ 7,800 ಕೋಟಿ ಯೂರೊ ಸಾಲಕ್ಕೆ ಸಹಿ ಹಾಕಿದ ಸರಕಾರ ಎಲ್ಲ ಕಡೆ ಕತ್ತರಿ ಆಡಿಸಿತು. ಕಲೆಗೆ ಕೊಡುತ್ತಿದ್ದ ಅನುದಾನಕ್ಕೂ ಆಡಿಸಿತು. ನಟರನ್ನು, ದರ್ಜಿಗಳನ್ನು, ಬಡಗಿಗಳನ್ನು ಖಾಯಂ ಆಗಿ ಇಟ್ಟುಕೊಂಡು, ವಾರಗಟ್ಟಲೆ ಪಠ್ಯ ಓದಿ, ಮನೆಯಲ್ಲೇ ಎಲ್ಲವನ್ನೂ ತಯಾರಿಸುವ ತಂಡಕ್ಕೆ ಇಂಥ ಕಡಿತವನ್ನು ತಾಳಿಕೊಳ್ಳುವುದು ಕಷ್ಟ. ಇದರ ಜೊತೆಗೆ ಸಿಂತ್ರಾ ಅವರಿಗೆ ಪಾರ್ಕಿನ್ಸನ್ ಕಾಯಿಲೆ. ಆ ವಿಷಯವನ್ನು ಅವರೇ ಬಹಿರಂಗವಾಗಿ ಹೇಳಿದರು. 2015ರಲ್ಲಿ ಹ್ಯಾಮ್ಲೆಟ್ ನಿರ್ದೇಶಿಸಿದಾಗ ಮುಖ್ಯ ಪಾತ್ರವನ್ನು ಎಳೆಯ ನಟರೊಬ್ಬರಿಗೆ ಕೊಟ್ಟಿದ್ದರು.

2016ರ ಡಿಸೆಂಬರ್ 17, ಶನಿವಾರ. ತಂಡ ಆ ದಿನ ಅಪೊಲಿನೇರ್‌ನ ಕವಿತೆಗಳನ್ನು ಓದಿ ಬಾಗಿಲು ಹಾಕುವುದೆಂದು ಗೊತ್ತಾಗಿತ್ತು. ಆ ಪುಟ್ಟ ಬೀದಿಗೆ ದೇಶದ ಅಧ್ಯಕ್ಷ ಮಾರ್ಸೆಲು ರೆಬೆಲು ದ ಸೋಜಾ ಬಂದರು. ಸಂಸ್ಕೃತಿ ಸಚಿವರೂ ಬಂದರು. ಇಷ್ಟು ದೊಡ್ಡ ತಂಡ ಮುಚ್ಚಬಾರದು, ಏನಾದರೂ ದಾರಿ ಹುಡುಕೋಣ ಎಂದು ಅಲ್ಲೇ ಮಾತುಕತೆಯಾಯಿತು. ದೇಶದ ಅಧ್ಯಕ್ಷರೇ ಬಾಗಿಲಿಗೆ ಬಂದು ನಿಂತಾಗ ಬಹುಪಾಲು ಸಂಸ್ಥೆಗಳು ಇನ್ನೊಂದು ವರ್ಷ ತಳ್ಳಲು ಒಪ್ಪುತ್ತವೆ. ಕೊರ್ನುಕೋಪಿಯಾ ಒಪ್ಪಲಿಲ್ಲ. ಕವಿತೆಗಳನ್ನು ಓದಿದರು. ತಂಡ ಮುಚ್ಚಿತು.

ಯಾರಿಗಾದರೂ ವಹಿಸಿ ಹೋಗಬಹುದಿತ್ತಲ್ಲ ಎಂಬ ನನ್ನ ಮೊದಲ ಪ್ರಶ್ನೆಗೆ ಈಗ ಹೀಗನ್ನಿಸುತ್ತದೆ. ನಮ್ಮಲ್ಲಿ ಸಂಸ್ಥೆ ಉಳಿಯುವುದೇ ದೊಡ್ಡದು ಎಂಬ ನಂಬಿಕೆಯಿದೆ. ಬೋರ್ಡು ಇದ್ದರೆ ಸಾಕು, ಕೆಲಸ ಹೇಗೋ ಆಗುತ್ತದೆ. ಸಿಂತ್ರಾ ಅವರಿಗೆ ಕೆಲಸ ಮಾಡುವ ರೀತಿಯೇ ಸಂಸ್ಥೆಯಾಗಿತ್ತು. ತಾಲೀಮಿಗೆ ಬೇಕಾದಷ್ಟು ದಿನ ಕೊಡಲಾಗದ ಮೇಲೆ, ರಂಗವನ್ನು ಪ್ರತಿ ನಾಟಕಕ್ಕೂ ಹೊಸದಾಗಿ ಕಟ್ಟಲಾಗದ ಮೇಲೆ, ಅದೇ ಹೆಸರಿನಡಿ ಬೇರೇನನ್ನೋ ಮಾಡಿ ತೋರಿಸುವುದು ಅವರಿಗೆ ಸುಳ್ಳಾಗಿ ಕಂಡಿರಬೇಕು. ಸಾಲಿನ ಕೊನೆಯ ಪದವನ್ನು ನುಂಗಲಾರದ ನಟ, ತಂಡದ ಕೊನೆಯನ್ನೂ ಮಸುಕಾಗಿಸದೆ ಎಲ್ಲರಿಗೂ ಕೇಳುವಂತೆ ಹೇಳಿದರು ಎಂದು ನಾನು ಅರ್ಥ ಮಾಡಿಕೊಂಡಿದ್ದೇನೆ. ಅದನ್ನು ಒಪ್ಪಿಕೊಳ್ಳಲು ನನಗೆ ಕಷ್ಟವಾಗುತ್ತದೆ ಎಂಬುದೂ ನಿಜ. ನಮ್ಮೂರಿನ ತಂಡ ಮೇಷ್ಟ್ರ ನಂತರ ಸದ್ದಿಲ್ಲದೆ ನಿಂತುಹೋಯಿತು. ಯಾವ ನಾಟಕ ಕೊನೆಯದೆಂದು ಆಡಿದವರಿಗೇ ಗೊತ್ತಿರಲಿಲ್ಲ. ಗೊತ್ತಿದ್ದರೆ ಆ ರಾತ್ರಿ ಹಾಲ್‌ನ ದೀಪ ಆರಿಸುವ ಮೊದಲು ಇನ್ನೂ ಸ್ವಲ್ಪ ಹೊತ್ತು ನಿಂತಿರುತ್ತಿದ್ದೆವು.

‘ನೊನ್’ ಚಿತ್ರದ ಕೊನೆಯಲ್ಲಿ ಕಬ್ರಿತಾ ಗುಂಡೇಟು ತಿಂದು ಆಸ್ಪತ್ರೆಯಲ್ಲಿ ಮಲಗಿರುತ್ತಾನೆ. ಲಾರಿಯಲ್ಲಿ ಅಷ್ಟು ಹೊತ್ತು ಕೇಳಿದ ದನಿ ಈಗ ಇಲ್ಲ, ಬಾಯಿ ಮುಚ್ಚಿದೆ. ಅವನು ಪ್ರಾಣ ಬಿಟ್ಟ ಮೇಲೆ ಸಾವಿನ ತಾರೀಖನ್ನು ಬರೆದುಕೊಳ್ಳುತ್ತಾರೆ: 25 ಏಪ್ರಿಲ್ 1974. ಅತ್ತ ಲಿಸ್ಬನ್‌ನಲ್ಲಿ ಬಂದೂಕುಗಳಿಗೆ ಹೂ ಸಿಕ್ಕಿಸುತ್ತಿದ್ದ ದಿನ.

ಬೈರು ಆಲ್ತುವಿನ ಆ ಮನೆಯನ್ನು ಲಿಸ್ಬನ್ ನಗರಸಭೆ ವಹಿಸಿಕೊಂಡು 2019ರಲ್ಲಿ ಮತ್ತೆ ತೆರೆಯಿತು; ಹೊಸ ತಲೆಮಾರಿನ ಪ್ರಯೋಗಗಳು ಈಗ ಅಲ್ಲಿ ನಡೆಯುತ್ತವೆ. ಸಿಂತ್ರಾ ತಂಡ ಮುಚ್ಚಿದ ಮರುವರ್ಷವೇ ಮೊಂತಿಜು, ಸೆತೂಬಾಲ್ ಮುಂತಾದ ಊರುಗಳಿಗೆ ಹೋಗಿ, ಎಳೆಯ ನಟರನ್ನು ಕೂರಿಸಿಕೊಂಡು, ಒಂದೊಂದು ಊರಿನಲ್ಲಿ ಒಂದೊಂದು ಭಾಗವಾಗಿ ನಾಟಕವೊಂದನ್ನು ಕಟ್ಟಿದರು. ಹದಿನೆಂಟನೆಯ ಶತಮಾನದ ಯಾವುದೋ ಅಗ್ಗದ ಪುಸ್ತಿಕೆಯಲ್ಲಿ ಪೋರ್ಚುಗೀಸ್‌ಗೆ ಬಂದಿದ್ದ ದೊನ್ ಜುವಾನನ ಕಥೆ ಅದು. ಮೂಲ ಮೋಲಿಯೇರ್‌ನದು.